ಬೆಳ್ಳಿ, ಪಚ್ಚೆ, ಕಪ್ಪೆ: ಅಜ್ಜ ಬರೆದಿಟ್ಟ ಒಂದು ಸಾಲು

ಪ್ರಶ್ನೆ: ಸಂಸ್ಕೃತ ಪಾಠಶಾಲೆಯಲ್ಲಿ ಅಧ್ಯಾಪಕರಾಗಿದ್ದ ನನ್ನ ಅಜ್ಜನ ಲೆಕ್ಕದ ಪುಸ್ತಕದ ಕೊನೆಯ ಪುಟದಲ್ಲಿ ‘ಬೆಳ್ಳಿ ಪಚ್ಚೆ ಕಪ್ಪೆಶ ನಮೆಶಸ್ಸಿ’ ಎಂಬ ಸಾಲೊಂದಿದೆ. ಪಚ್ಚೆಕಲ್ಲು ಕೂರಿಸಿದ ಬೆಳ್ಳಿಯ ಕಪ್ಪೆಯೊಂದು ಎಲ್ಲೋ ಇರಬೇಕೆಂದು ಮನೆಯವರು ನಂಬಿದ್ದಾರೆ. ನಾನು ಸಾಲನ್ನು ಇಂಗ್ಲಿಷ್ ಅಕ್ಷರಗಳಲ್ಲಿ ಬರೆದುಕೊಂಡು, ಜೂಲಿಯಸ್ ಸೀಸರನ ಗೂಢಲಿಪಿಯ ಕ್ರಮದಂತೆ ಪ್ರತಿ ಅಕ್ಷರವನ್ನೂ ವರ್ಣಮಾಲೆಯಲ್ಲಿ ಮೂರು ಸ್ಥಾನ ಸರಿಸಿದೆ. ಅನಂತರ ಉಳಿದ ಎಲ್ಲ ಸರಿಕೆಗಳನ್ನೂ ಪ್ರಯತ್ನಿಸಿದೆ. ಅರ್ಥ ಹೊರಡಲಿಲ್ಲ.
– ಓದುಗರೊಬ್ಬರು, ಉಡುಪಿ

ಉತ್ತರ: ಸಾಲನ್ನು ಇಂಗ್ಲಿಷ್ ಅಕ್ಷರಗಳಿಗೆ ಇಳಿಸಿದ ಕೂಡಲೇ ಅದರ ಮುಖ್ಯ ಸುಳಿವು ಕೈತಪ್ಪುತ್ತದೆ. ಕನ್ನಡದಲ್ಲಿಯೇ ಓದಿದರೆ ಗುಣಿತ ಚಿಹ್ನೆಗಳೂ ಒತ್ತಕ್ಷರಗಳೂ ಸಹಜವಾಗಿಯೇ ಇವೆ, ಕೆಟ್ಟಿರುವುದು ವ್ಯಂಜನಗಳು ಮಾತ್ರ ಎಂಬುದು ಕಾಣುತ್ತದೆ. ಅಕ್ಷರಗಳ ಬಳಕೆಯ ಪ್ರಮಾಣವನ್ನು ಎಣಿಸುವ, 9ನೇ ಶತಮಾನದಲ್ಲಿ ಅರಬ್ ವಿದ್ವಾಂಸ ಅಲ್-ಕಿಂದಿ ವಿವರಿಸಿದ ವಿಧಾನ ಇಲ್ಲಿ ನೆರವಾಗದು. 11 ಅಕ್ಷರಗಳ ಸಾಲಿಗೆ ಎಣಿಕೆಯಿಂದ ಏನೂ ಸಿಗುವುದಿಲ್ಲ. ಆದರೆ ಪದದ ಕೊನೆಯಲ್ಲಿ ‘ಇ’ಕಾರ ಹೊತ್ತ ದ್ವಿತ್ವ ಬಂದರೆ ಕನ್ನಡಿಗರಾದ ನಾವು ಮೊದಲು ನೆನೆಯಬೇಕಾದದ್ದು ‘ಅಲ್ಲಿ’ ಎಂಬ ಸಪ್ತಮಿ ಪ್ರತ್ಯಯವನ್ನು.

ಹಾಗಾದರೆ ‘ಸ’ಕಾರವು ‘ಲ’ಕಾರ. ಎಕಾರಾಂತ ಪದಕ್ಕೆ ‘ಅಲ್ಲಿ’ ಸೇರುವಾಗ ನಡುವೆ ಯಕಾರಾಗಮವಾಗುವುದರಿಂದ ‘ಶ’ಕಾರವು ‘ಯ’ಕಾರ. ವರ್ಣಮಾಲೆಯಲ್ಲಿ ಈ ಎರಡೂ ಸರಿಯಾಗಿ ನಾಲ್ಕು ಸ್ಥಾನ ಹಿಂದಿರುವುದನ್ನು ಕಂಡು, ಇದು ಸೀಸರನ ಬಗೆಯ ಸರಿಕೆಯೇ ಎಂದು ನಾನೂ ಸ್ವಲ್ಪ ಹೊತ್ತು ನಂಬಿದ್ದೆ. ಆದರೆ ‘ನಮೆ’ಯನ್ನು ಅಷ್ಟೇ ಸರಿಸಿದಾಗ ‘ತಪೆ’ ಎಂಬ ಅರ್ಥವಿಲ್ಲದ ಪದ ಬಂದಿತು. ಮೊದಲ ವ್ಯಂಜನಕ್ಕೆ ಕೊನೆಯದು ಎಂಬಂತೆ ವರ್ಣಮಾಲೆಯನ್ನು ತಿರುಗುಮುರುಗು ಮಾಡಿದರೆ ‘ಶಸ್ಸಿ’ಯು ‘ಙಗ್ಗಿ’ಯಾಗುವುದರಿಂದ ಆ ದಾರಿ ಅಲ್ಲಿಗೇ ಮುಗಿಯಿತು. ಬೀಗ ತೆರೆದದ್ದು ‘ನಮೆಯಲ್ಲಿ’ ಎಂಬ ರೂಪ. ಅದರ ‘ನ’ ಮತ್ತು ‘ಮ’ಗಳನ್ನು ಅದಲುಬದಲು ಮಾಡಿದರೆ ‘ಮನೆಯಲ್ಲಿ’ ಆಗುತ್ತದೆ. ಅಂದರೆ ಇಲ್ಲಿ ಅಕ್ಷರಗಳು ಜೋಡಿಜೋಡಿಯಾಗಿ ಪರಸ್ಪರ ಸ್ಥಾನ ಬದಲಿಸಿಕೊಂಡಿವೆ.

ಇಂಥ ಜೋಡಿಗಳು ನಮ್ಮ ಪರಂಪರೆಯಲ್ಲಿಯೇ ಇವೆ. ಕಾಮಸೂತ್ರವು 64 ಕಲೆಗಳಲ್ಲಿ ‘ಮ್ಲೇಚ್ಛಿತವಿಕಲ್ಪ’ವನ್ನೂ, ಅಂದರೆ ಮಾತನ್ನು ಗೂಢವಾಗಿಸುವ ಕಲೆಯನ್ನೂ, ಎಣಿಸುತ್ತದೆ; ಅದಕ್ಕೆ ಯಶೋಧರನು ಬರೆದ ಜಯಮಂಗಳಾ ವ್ಯಾಖ್ಯಾನದಲ್ಲಿ ‘ಮೂಲದೇವೀಯ’ ಎಂಬ ಕ್ರಮವಿದೆ. ಅದರಂತೆ ಅ–ಕ, ಚ–ಟ, ತ–ಪ, ನ–ಮ, ಯ–ಶ, ಲ–ಸ ಮುಂತಾದ ಜೋಡಿಗಳು ಒಂದಕ್ಕೊಂದು ಬದಲಾಗುತ್ತವೆ, ಉಳಿದ ಅಕ್ಷರಗಳು ಇದ್ದಂತೆಯೇ ಇರುತ್ತವೆ. ಈ ಆರು ಜೋಡಿಗಳಿಂದಲೇ ನಿಮ್ಮ ಸಾಲು ಪೂರ್ತಿಯಾಗಿ ಬಿಡಿಸಿಕೊಳ್ಳುತ್ತದೆ: ‘ಪಚ್ಚೆ’ಯು ‘ತಟ್ಟೆ’, ‘ಕಪ್ಪೆಶ’ವು ‘ಅತ್ತೆಯ’. ‘ಬ’ ಮತ್ತು ‘ಳ’ಗಳಿಗೆ ಜೋಡಿಯಿಲ್ಲದ್ದರಿಂದ ‘ಬೆಳ್ಳಿ’ ಬೆಳ್ಳಿಯಾಗಿಯೇ ಉಳಿದು ಮನೆಯವರನ್ನೆಲ್ಲ ದಾರಿ ತಪ್ಪಿಸಿದೆ. ನಿಮ್ಮ ಅಜ್ಜ ಬರೆದದ್ದು ಇಷ್ಟು: ‘ಬೆಳ್ಳಿ ತಟ್ಟೆ ಅತ್ತೆಯ ಮನೆಯಲ್ಲಿ’.

ನಾಲ್ಕೂ ಪದಗಳು ಒಂದೇ ನಿಯಮಕ್ಕೆ ಒಗ್ಗಿ ಸರಿಯಾದ ವಾಕ್ಯವಾಗಿರುವುದರಿಂದ ಇದು ಕಾಕತಾಳೀಯವೆಂದು ನನಗೆ ತೋರುವುದಿಲ್ಲ. ಅವರು ಓದಿಕೊಂಡಿದ್ದ ಶಾಸ್ತ್ರವು ಮನೆಯ ಪಾತ್ರೆಯ ಲೆಕ್ಕಕ್ಕೂ ಒದಗಿತೆಂಬುದು ನನಗೆ ಬಹಳ ಹಿಡಿಸಿತು. ಆದರೆ ‘ಅತ್ತೆ’ ಎಂದರೆ ಅವರ ತಂದೆಯ ತಂಗಿಯೋ ಹೆಂಡತಿಯ ತಾಯಿಯೋ ಎಂಬುದನ್ನು ಅಕ್ಷರಗಳು ಹೇಳಲಾರವು. ಅದನ್ನು ನಿಮ್ಮ ಮನೆಯ ಹಿರಿಯರಲ್ಲಿಯೇ ವಿಚಾರಿಸಬೇಕು.