ನಿಮ್ಮ ‘ಕಾಂಟ್ರಾ’ ಲೇಖನದ ಬಗ್ಗೆ

ನಮಸ್ಕಾರ. ಸೈನಿಕರು ಗುಂಡು ಹಾರಿಸುತ್ತಾ ಮುಂದೆ ಸಾಗುವ ಕಾಂಟ್ರಾ ವಿಡಿಯೋ ಗೇಮ್ ದೇಶದಿಂದ ದೇಶಕ್ಕೆ ಹೇಗೆ ಬದಲಾಯಿತು ಅಂತ ನೀವು ಬರೆದು ಕಳಿಸಿದ್ದನ್ನು ಎರಡು ಸಲ ಓದಿದೆ. ಈಗ ಇರುವ ಹಾಗೆ ಹಾಕಿಕೊಳ್ಳಲು ಆಗುವುದಿಲ್ಲ. ಬಿಟ್ಟುಬಿಡಲೂ ಮನಸ್ಸಿಲ್ಲ. ಅದಕ್ಕೇ ಇಷ್ಟುದ್ದ ಬರೆಯುತ್ತಿದ್ದೇನೆ.

ಮಾಹಿತಿ ಸರಿಯಾಗಿದೆ. 1988ರಲ್ಲಿ ಕೊನಾಮಿ ಕಂಪನಿ ಜಪಾನಿನ ಫ್ಯಾಮಿಕಾಮ್‌ಗೆ, ಅಂದರೆ ನಿಂಟೆಂಡೊ ಕಂಪನಿಯ ಆಟದ ಯಂತ್ರಕ್ಕೆ, ತಂದ ಆಟದಲ್ಲಿ ಕಾಡಿನ ಎಲೆ ಅಲುಗಾಡುತ್ತದೆ, ಮುಂದೆ ಹಿಮ ಉದುರುತ್ತದೆ. ಅದೇ ವರ್ಷ ಅಮೆರಿಕಕ್ಕೆ ಬಂದದ್ದರಲ್ಲಿ ಅವೆರಡೂ ಇಲ್ಲ. 1990ರಲ್ಲಿ ಯುರೋಪಿಗೆ ಹೋದಾಗ ಹೆಸರೇ ‘ಪ್ರೊಬೊಟೆಕ್ಟರ್’ ಆಯಿತು, ಸೈನಿಕರು ರೋಬೋಟುಗಳಾದರು. ಇಷ್ಟನ್ನು ಸುಮ್ನೆ ಸಾಲಾಗಿ ಜೋಡಿಸಿದ್ದೀರಿ. ಯಾಕೆ ಅಂತ ಒಂದು ಕಡೆಯೂ ಕೇಳಿಲ್ಲ. ಜಪಾನಿನಲ್ಲಿ ಕೊನಾಮಿ ಕ್ಯಾಸೆಟ್ಟಿಗೆ ತನ್ನದೇ ಚಿಪ್ ಹಾಕಬಹುದಿತ್ತು. ಅಮೆರಿಕದಲ್ಲಿ ಕ್ಯಾಸೆಟ್ ತಯಾರಿಕೆ ನಿಂಟೆಂಡೊ ಹಿಡಿತದಲ್ಲಿತ್ತು. ಚಿಪ್ ಹೋಯಿತು, ಜೊತೆಗೆ ಎಲೆಯ ಅಲುಗಾಟವೂ ಹೋಯಿತು. ರೋಬೋಟಿನ ಹಿಂದೆ ಇದ್ದದ್ದು ಮಕ್ಕಳ ಆಟದಲ್ಲಿನ ಹಿಂಸೆಯ ಬಗ್ಗೆ ಜರ್ಮನಿಯ ಬಿಗಿ ನಿಯಮ. ಓದುಗರಿಗೆ ಬೇಕಾದದ್ದು ಇದು.

ನಮ್ಮ ಬೆಂಗಳೂರು ಎಲ್ಲಿ ಹೋಯಿತು? ಇಲ್ಲಿ ಜಾಸ್ತಿ ಜನ ಆಡಿದ್ದು ನಿಂಟೆಂಡೊ ಯಂತ್ರದಲ್ಲಲ್ಲ, ಅದರ ನಕಲು ಯಂತ್ರದಲ್ಲಿ. ಎಸ್.ಪಿ. ರೋಡಿನಿಂದ ತಂದ ಹಳದಿ ಕ್ಯಾಸೆಟ್ಟಿನ ಮೇಲೆ ‘9999 ಇನ್ 1’ ಅಂತ ಇರುತ್ತಿತ್ತು, ಒಳಗೆ ಅದೇ ಒಂದಷ್ಟು ಆಟ ತಿರುಗಿ ತಿರುಗಿ ಬರುತ್ತಿದ್ದವು. ಟಿವಿಯಲ್ಲಿ ಬರೀ ಗೆರೆ ಬಂದರೆ ಕ್ಯಾಸೆಟ್ ಕಿತ್ತು, ಬಾಯಿಂದ ಊದಿ, ಮತ್ತೆ ಒತ್ತುತ್ತಿದ್ದೆವು. ಇದೂ ಒಂದು ಪ್ರಾಂತ್ಯದ ಕಾಂಟ್ರಾ ಅಲ್ವಾ?

ನಿಮ್ಮ ಲೇಖನದ ಜೀವ ಇರುವುದು ಏಳನೇ ಪ್ಯಾರಾದಲ್ಲಿ. ರಾಜಾಜಿನಗರದ ಮನೆ, ಬೇಸಿಗೆ ರಜೆ, ಜಲಪಾತದ ಹಂತ. ನಿಮ್ಮಣ್ಣ ಸರಸರ ಮೇಲೆ ಹತ್ತುತ್ತಾರೆ. ಪರದೆಯೂ ಅವರ ಜೊತೆ ಮೇಲೆ ಸರಿಯುತ್ತದೆ. ಕೆಳಗೆ ಉಳಿದ ನಿಮ್ಮ ಜೀವ ಹೋಗುತ್ತದೆ. ‘ಅಣ್ಣಾ, ನಿಲ್ಲೋ!’ ಅಂತ ನೀವು ಕೂಗುತ್ತೀರಿ. ಓದುತ್ತಾ ನನ್ನ ಹೆಬ್ಬೆರಳು ತಾನಾಗಿಯೇ ಅಲುಗಾಡಿತು. ಒಬ್ಬರು ಇನ್ನೊಬ್ಬರಿಗಾಗಿ ಕಾಯಲೇಬೇಕಾದ ಆಟ ಅದು. ಈ ಆಟ ಇಂದಿಗೂ ಯಾಕೆ ಇಷ್ಟವಾಗುತ್ತದೆ ಅನ್ನುವುದಕ್ಕೆ ಉತ್ತರ ಅಲ್ಲೇ ಇದೆ. ನೀವೋ ಅದನ್ನು ನಾಲ್ಕೇ ಸಾಲಿನಲ್ಲಿ ಮುಗಿಸಿ, ಕೊನೆಯಲ್ಲಿ ‘ಅಜರಾಮರ’, ‘ಅದ್ವಿತೀಯ’ ಅಂತ ಬರೆದಿದ್ದೀರಿ. ಆ ಎರಡು ಪದ ಹೊಡೆದುಹಾಕಿ.

ಜಲಪಾತದಿಂದಲೇ ಶುರು ಮಾಡಿ. 30 ಜೀವ ಕೊಡುವ ಗುಟ್ಟು, ಮೇಲೆ-ಮೇಲೆ-ಕೆಳಗೆ-ಕೆಳಗೆ ಅಂತ ಗುಂಡಿ ಒತ್ತುವ ಆ ಕ್ರಮ, ನಿಮಗೆ ಯಾರು ಹೇಳಿಕೊಟ್ಟರು ಅಂತಲೂ ಬರೆಯಿರಿ. ಅಣ್ಣನಿಗೊಂದು ಫೋನ್ ಮಾಡಿ, ಅವರಿಗೆ ಏನು ನೆನಪಿದೆ ಕೇಳಿ. 800 ಪದ ಸಾಕು. ಕಳಿಸಿ, ನಾನೇ ಓದುತ್ತೇನೆ.