ಕಾವಳದ ದೇವಿಗೆ ಮೂರು ಖಾತೆ ಹೆಚ್ಚಾಯಿತೇ?

ಪ್ರಶ್ನೆ: ನಾನು ಸಕಲೇಶಪುರದ ಕಡೆಯವನು, ಕಾಲ್ಪನಿಕ ನಾಡೊಂದರ ಕಥೆಯುಳ್ಳ ಕಾದಂಬರಿಯನ್ನು ಬರೆಯುತ್ತಿದ್ದೇನೆ. ಮಂಜು, ನೆನಪು, ಬದಲಾವಣೆ ಈ ಮೂರಕ್ಕೂ ಅಧಿದೇವತೆಯಾದ ‘ನೀಹಾರಿಕಾ’ ಎಂಬ ದೇವಿಯನ್ನು ಅದರಲ್ಲಿ ಕಲ್ಪಿಸಿದ್ದೇನೆ. ಸಂಬಂಧವಿಲ್ಲದ ಮೂರು ಖಾತೆಗಳನ್ನು ಒಬ್ಬಳಿಗೇ ವಹಿಸಿದ್ದರಿಂದ ಅವಳು ಏನು ಬೇಕಾದರೂ ಮಾಡಬಲ್ಲವಳಾಗಿದ್ದಾಳೆ, ಕಥೆಯ ಬಿಗಿ ಹೋಗಿದೆ ಎಂದು ಹಸ್ತಪ್ರತಿ ಓದಿದ ಸ್ನೇಹಿತರು ಹೇಳುತ್ತಾರೆ. ಒಂದನ್ನು ಕೈಬಿಡಲೇ?

ಉತ್ತರ: ಕೈಬಿಡಬೇಡಿ. ನಿಮ್ಮ ಸ್ನೇಹಿತರು ರೋಗವನ್ನು ಸರಿಯಾಗಿಯೇ ಗುರುತಿಸಿದ್ದಾರೆ, ಆದರೆ ಕಾರಣವನ್ನು ತಪ್ಪಾಗಿ ಹೇಳಿದ್ದಾರೆ. ಈ ಮೂರೂ ಸಂಬಂಧವಿಲ್ಲದವು ಎಂಬುದನ್ನು ನಾನು ಒಪ್ಪಲಾರೆ. ಕನ್ನಡದಲ್ಲಿ ‘ನೆನೆ’ ಎಂದರೆ ಒದ್ದೆಯಾಗುವುದೂ ಹೌದು, ಸ್ಮರಿಸುವುದೂ ಹೌದು. ‘ಮರೆ’ ಎಂದರೆ ಕಣ್ಣಿಗೆ ಅಡ್ಡವಾದ ತೆರೆಯೂ ಹೌದು, ನೆನಪಿನಿಂದ ಬಿಟ್ಟುಹೋಗುವುದೂ ಹೌದು. ಎರಡು ‘ನೆನೆ’ಗಳ ಮೂಲ ಒಂದೇ ಎಂದು ನಾನು ವಾದಿಸುತ್ತಿಲ್ಲ, ಕಥೆಗಾರನಿಗೆ ಅದರ ಅಗತ್ಯವೂ ಇಲ್ಲ, ಮಳೆಯಿಲ್ಲದಿದ್ದರೂ ಸಿಲ್ವರ್ ಮರದ ಎಲೆಗಳಿಂದ ನೀರು ತೊಟ್ಟಿಕ್ಕುತ್ತಿರುವ ಮುಂಜಾವಿನಲ್ಲಿ ನಿಮ್ಮ ನಾಯಕಿ ‘ನಾನು ಇಲ್ಲೇ ನೆನೆದೆ’ ಎಂದರೆ ಆ ಒಂದು ಮಾತಿನಲ್ಲಿಯೇ ದೇವಿಯ ಎರಡು ಖಾತೆಗಳು ಕೂಡಿಬಿಡುತ್ತವೆ. ಇನ್ನು ಬದಲಾವಣೆಯನ್ನು ಬೇರೆ ಖಾತೆಯೆಂದು ಎಣಿಸುವುದೇ ತಪ್ಪು. ಕಣ್ಣಿಗೆ ಕಾಣದ ನೀರಾವಿ ತಂಪಿಗೆ ಸಣ್ಣ ಸಣ್ಣ ಹನಿಗಳಾದಾಗ ಮಂಜು ಮೂಡುತ್ತದೆ, ಬಿಸಿಲೇರಿದಾಗ ಮರಳಿ ಕಾಣದಂತಾಗುತ್ತದೆ. ಮಂಜು ಎಂಬುದೇ ಒಂದು ಮಾರ್ಪಾಡು.

ಮೂರೂ ಒಂದೇ ಘಟನೆಯಲ್ಲಿ ಕೂಡಿದ ಕಥೆ ನಮ್ಮಲ್ಲಿ ಬಹಳ ಹಿಂದಿನಿಂದ ಇದೆ. ಮಹಾಭಾರತದ ಆದಿಪರ್ವದಲ್ಲಿ, ಯಮುನೆಯಲ್ಲಿ ದೋಣಿ ನಡೆಸುತ್ತಿದ್ದ ಸತ್ಯವತಿ ಎರಡೂ ದಡಗಳಲ್ಲಿ ನಿಂತ ಋಷಿಗಳು ನೋಡುತ್ತಿದ್ದಾರೆ ಎಂದು ಅಳುಕಿದಾಗ, ಪರಾಶರನು ಸುತ್ತಲೂ ನೀಹಾರವನ್ನು, ಅಂದರೆ ದಟ್ಟವಾದ ಮಂಜನ್ನು, ಸೃಷ್ಟಿಸುತ್ತಾನೆ. ಆ ಪ್ರಸಂಗದಲ್ಲಿ ಮೀನಿನ ವಾಸನೆಯ ಹುಡುಗಿ ಯೋಜನಗಂಧಿಯಾಗುತ್ತಾಳೆ. ಅವಳಿಗೆ ದ್ವೀಪದಲ್ಲಿ ಹುಟ್ಟಿದ ವ್ಯಾಸನು ಹುಟ್ಟಿದೊಡನೆಯೇ ತಪಸ್ಸಿಗೆ ಹೊರಡುತ್ತ, ಕೆಲಸ ಬಿದ್ದಾಗ ನೆನೆದರೆ ಸಾಕು, ಬರುತ್ತೇನೆ ಎಂದು ತಾಯಿಗೆ ಮಾತು ಕೊಡುತ್ತಾನೆ. ವಿಚಿತ್ರವೀರ್ಯನು ತೀರಿಕೊಂಡ ಮೇಲೆ ಅವಳು ನೆನೆದಾಗ ಬರುತ್ತಾನೆ ಕೂಡ. ಇಲ್ಲಿ ಮಂಜಿಗೆ ದೇವತೆಯಿಲ್ಲ, ಸ್ತೋತ್ರವಿಲ್ಲ, ಆದರೂ ಅದು ಮರೆಮಾಡಿತು, ಮಾರ್ಪಡಿಸಿತು, ನೆನಪಿನ ಕರಾರೊಂದನ್ನು ಉಳಿಸಿಹೋಯಿತು. ನಿಮ್ಮ ದೇವಿಗೂ ಬೇಕಾದದ್ದು ಮೂರು ಖಾತೆಗಳಲ್ಲ, ಇಂಥ ಒಂದೇ ಒಂದು ಕೆಲಸ.

ಆ ಕೆಲಸಕ್ಕೊಂದು ಕಟ್ಟುಪಾಡೂ ಬೇಕು. ಹವಾಮಾನದವರು ಕಣ್ಣಳತೆ 1 ಕಿಲೋಮೀಟರಿಗಿಂತ ಕಡಿಮೆಯಾದಾಗ ಮಾತ್ರ ಅದನ್ನು ಮಂಜಿನ ಲೆಕ್ಕಕ್ಕೆ ಸೇರಿಸುತ್ತಾರೆ. ಅಂದರೆ ಮಂಜು ನುಂಗುವುದು ದೂರದ್ದನ್ನು, ಕಾಲಬುಡದ ಕಲ್ಲು ಕಾಣುತ್ತಲೇ ಇರುತ್ತದೆ. ಮುಪ್ಪಿನ ಮರೆವು ಸಾಮಾನ್ಯವಾಗಿ ಇದಕ್ಕೆ ತಿರುವುಮುರುವು: ಬೆಳಿಗ್ಗೆ ಏನು ತಿಂದೆ ಎಂಬುದು ಅಜ್ಜಿಗೆ ಹೊಳೆಯುವುದಿಲ್ಲ, ಆದರೆ ಚಿಕ್ಕಂದಿನ ಜಾತ್ರೆಯಲ್ಲಿ ಕೊಂಡ ಬಳೆಯ ಬಣ್ಣ ಹೇಳುತ್ತಾಳೆ. ನಿಮ್ಮ ದೇವಿಯ ಮಂಜು ಈ ಎರಡನೆಯ ಬಗೆಯದಾಗಲಿ ಎಂಬುದು ನನ್ನ ಸಲಹೆ. ಅದರೊಳಗೆ ಹೊಕ್ಕವನಿಗೆ ನಲವತ್ತು ವರ್ಷದ ಹಿಂದಿನ ತವರು ಅಂಗಳ ನಿಚ್ಚಳವಾಗಿ ಕಾಣಲಿ, ಕೈಹಿಡಿದು ಪಕ್ಕದಲ್ಲೇ ನಡೆಯುತ್ತಿರುವ ಮಗು ಯಾರದೆಂದು ತಿಳಿಯದಿರಲಿ. ಆಗ ಪ್ರತಿ ವರಕ್ಕೂ ಬೆಲೆಯಿರುತ್ತದೆ, ಸ್ನೇಹಿತರು ಹುಡುಕುತ್ತಿರುವ ಬಿಗಿಯೂ ಬರುತ್ತದೆ. ಪ್ರಾಚೀನ ಗ್ರೀಸಿನ ಲೆಬಡೈಯದಲ್ಲಿ ಟ್ರೊಫೋನಿಯಸ್ಸನ ದೈವವಾಣಿ ಕೇಳಲು ಇಳಿಯುವವರು ಮೊದಲು ಮರೆವಿನ ನೀರು, ಆಮೇಲೆ ನೆನಪಿನ ನೀರು ಕುಡಿಯಬೇಕಾಗಿತ್ತು ಎಂದು ಎರಡನೆಯ ಶತಮಾನದ ಪ್ರವಾಸಿ ಪೌಸಾನಿಯಸ್ ಬರೆದಿದ್ದಾನೆ. ಕೊಡುವ ಮೊದಲು ಕಳೆಯುವ ಈ ಕ್ರಮವನ್ನು ನೀವೂ ಪರಿಶೀಲಿಸಬಹುದು.

ಹೆಸರಿನ ಬಗ್ಗೆ ಮಾತ್ರ ನನ್ನ ತಕರಾರಿದೆ. ‘ನೀಹಾರಿಕೆ’ ಎಂದೊಡನೆ ವಿಜ್ಞಾನ ಓದಿದ ಕನ್ನಡಿಗನಿಗೆ ಆಕಾಶದ ಅನಿಲ ಮೋಡ ನೆನಪಾಗುತ್ತದೆ, ಉಳಿದವರಿಗೆ ಪಕ್ಕದ ಮನೆಯ ಹುಡುಗಿ. ‘ಮಂಜಮ್ಮ’ ಎಂದರೂ ಆಗದು. ಅದು ಮಂಜುನಾಥನ ಕಡೆಯ ಹೆಸರು, ಅಲ್ಲಿನ ‘ಮಂಜು’ ಚೆಲುವೆಂಬ ಅರ್ಥದ ಸಂಸ್ಕೃತ ಪದ. ಕತ್ತಲೆ, ಮಂಜು ಎರಡನ್ನೂ ಹೇಳುವ ‘ಕಾವಳ’ ನಮ್ಮಲ್ಲಿದೆ. ‘ಕಾವಳದವ್ವ’ ಎಂದು ಒಮ್ಮೆ ಗಟ್ಟಿಯಾಗಿ ಕರೆದು ನೋಡಿ.

ಪ್ರಶ್ನೆ: ಇಲ್ಲದ ದೇವಿಯನ್ನು ಓದುಗರು ನಂಬಬೇಕಾದರೆ ಗುಡಿ, ವಂಶಾವಳಿ, ಸ್ತೋತ್ರ ಎಲ್ಲವನ್ನೂ ಬರೆಯಬೇಕೇ? 24 ಪದ್ಯಗಳ ಸ್ತೋತ್ರವೊಂದನ್ನು ಇದರೊಂದಿಗೆ ಕಳಿಸಿದ್ದೇನೆ.

ಉತ್ತರ: ಬೇಕಿಲ್ಲ. ಐರ್ಲೆಂಡಿನ ಲಾರ್ಡ್ ಡನ್ಸನಿ 1905ರಲ್ಲಿ ಸ್ವಂತ ಕಲ್ಪನೆಯಿಂದಲೇ ಒಂದು ದೇವಗಣವನ್ನು ಕಟ್ಟಿ ಪ್ರಕಟಿಸಿದ. ಅದರ ಹಿರಿಯ ದೇವರು ನಿದ್ದೆಯಲ್ಲಿದ್ದಾನೆ, ಒಬ್ಬ ಡೋಲು ಬಾರಿಸುತ್ತ ಕೂತಿದ್ದಾನೆ. ಡೋಲು ನಿಂತರೆ ಅವನು ಎಚ್ಚರಗೊಳ್ಳುತ್ತಾನೆ, ಆಗ ಲೋಕಗಳೂ ದೇವರುಗಳೂ ಇಲ್ಲವಾಗುತ್ತವೆ. ಓದುಗನಿಗೆ ಅಷ್ಟೇ ಸಾಕಾಗುತ್ತದೆ. ನಿಮ್ಮ ಸ್ತೋತ್ರದ ಛಂದಸ್ಸು ಚೊಕ್ಕಟವಾಗಿದೆ, ಆದರೆ 23 ಪದ್ಯಗಳು ದೇವಿಯನ್ನು ಹೊಗಳುತ್ತವೆ. ಒಂದರಲ್ಲಿ ಮಾತ್ರ ಮುದುಕಿಯೊಬ್ಬಳು ಮಂಜಿಗಿಳಿಯುವ ಮೊದಲು ಮೊಮ್ಮಗನ ಹೆಸರನ್ನು ಸೆರಗಿನ ತುದಿಗೆ ಗಂಟು ಹಾಕಿಕೊಳ್ಳುತ್ತಾಳೆ. ಅದನ್ನು ಮೊದಲ ಅಧ್ಯಾಯಕ್ಕೆ ತನ್ನಿ.