ಸಂಪಾದಕರ ಉತ್ತರ: ‘ದಾರಿಯಲ್ಲಿ ಬೇಕು’, ‘ದಾರಿಯಲ್ಲಿ ಬೇಡ’

ಧಾರವಾಡದ ಓದುಗರೊಬ್ಬರ ಪತ್ರದ ಸಾರ: ‘ಕಳೆದ ಸಂಚಿಕೆಯ ಚಿತ್ರಪುಟದಲ್ಲಿ 1946ರ ಹಡಗೊಂದರ ಫೋಟೊ ಹಾಕಿ, ಕೆಳಗೆ “ಗಂಡನ ನಾಡಿಗೆ ಹೊರಟ ನವವಧುಗಳು” ಎಂದು ಬರೆದಿದ್ದೀರಿ. ಅದರಲ್ಲಿರುವ ಅರ್ಧದಷ್ಟು ಹೆಣ್ಣುಮಕ್ಕಳ ಕಂಕುಳಲ್ಲಿ ಕೂಸಿದೆ, ಮುಖದಲ್ಲಿ ದಣಿವಿದೆ. ಇವರು ನವವಧುಗಳು ಹೇಗಾದಾರು? ಅವರನ್ನು ಕಳಿಸಿದವರು ಯಾರು, ಖರ್ಚು ಯಾರದು, ಇಳಿದ ಮೇಲೆ ಏನಾಯಿತು? ಬೆಂಗಳೂರು ದಂಡಿನಿಂದಲೂ ಹೀಗೆ ಸೈನಿಕರನ್ನು ಮದುವೆಯಾಗಿ ಹೋದವರಿದ್ದರು ಎಂದು ನಮ್ಮ ತಾಯಿ ಹೇಳುತ್ತಿದ್ದರು. ಅಂಥವರ ಗುರುತು ಹಿಡಿಯಲು ಸಾಧ್ಯವೇ?’

ಮಾನ್ಯರೇ,

ನೀವು ಹೇಳಿದ್ದು ಸರಿ. ಆ ಅಡಿಬರಹ ತಪ್ಪು. ಎರಡನೆಯ ಮಹಾಯುದ್ಧದ ಕಾಲದಲ್ಲಿ ಪರನಾಡಿನ ಸೈನಿಕನನ್ನು ಮದುವೆಯಾಗಿ, ಆಮೇಲೆ ಅವನ ನಾಡಿಗೆ ಹೋದವಳನ್ನು ಇಂಗ್ಲಿಷಿನಲ್ಲಿ ‘ವಾರ್ ಬ್ರೈಡ್’ (ಯುದ್ಧದ ವಧು) ಎನ್ನುತ್ತಾರೆ. ಆ ಮಾತನ್ನು ಹಾಗೆಯೇ ಎತ್ತಿಕೊಂಡದ್ದರಿಂದ ಆದ ತಪ್ಪು ಅದು. ಕೆನಡಾದ ಸೈನಿಕರನ್ನು ವರಿಸಿದವರನ್ನೇ ನೋಡಿ. ಕೆನಡಾದ ಮೊದಲ ದಂಡು ಬ್ರಿಟನ್ನಿಗೆ ಬಂದಿಳಿದದ್ದು 1939ರ ಡಿಸೆಂಬರಿನಲ್ಲಿ. ಒಂದೂವರೆ ತಿಂಗಳು ಕಳೆಯುವುದರೊಳಗೆ, 1940ರ ಜನವರಿ ಕೊನೆಗೆ, ಆಲ್ಡರ್‌ಶಾಟ್ ಶಿಬಿರದ ಬಳಿ ಮೊದಲ ಮದುವೆ ನಡೆಯಿತು. ಯುದ್ಧ ಮುಗಿದು ಹಡಗು ಸಿಗುವ ಹೊತ್ತಿಗೆ 1946. ಅಷ್ಟರಲ್ಲಿ ಹಲವರಿಗೆ ಮದುವೆಯಾಗಿ ಐದಾರು ವರ್ಷ, ಮನೆಯಲ್ಲಿ ಓಡಾಡುವ ಮಗು. ಗಂಡನ ಜೊತೆ ಸಂಸಾರ ಮಾಡಿದ್ದು ಮಾತ್ರ ರಜೆಯ ನಾಲ್ಕಾರು ದಿನ. ಕೆನಡಾಕ್ಕೆ ಹೋದ ಈ ಹೆಂಡತಿಯರು ಸುಮಾರು 48,000, ಮಕ್ಕಳು ಸುಮಾರು 22,000. ಹೆಂಡತಿಯರಲ್ಲಿ ಹತ್ತಕ್ಕೆ ಒಂಬತ್ತಕ್ಕೂ ಹೆಚ್ಚು ಮಂದಿ ಬ್ರಿಟನ್ನಿನವರು. ಉಳಿದವರಲ್ಲಿ ಹೆಚ್ಚಿನವರು ಹಾಲೆಂಡ್, ಬೆಲ್ಜಿಯಂ ಕಡೆಯವರು. ಬ್ರಿಟನ್ನಿನಿಂದ ಅಮೆರಿಕಕ್ಕೆ ಹೋದವರ ಲೆಕ್ಕ ಬೇರೆ, ಅದು ಸುಮಾರು 70,000.

ಖರ್ಚಿನ ವಿಷಯ ಮೊದಲು ಹೇಳುತ್ತೇವೆ. ಕೆನಡಾ ಸರ್ಕಾರ ಹಡಗಿನ ಟಿಕೆಟ್ಟನ್ನೂ, ಬಂದರಿನಿಂದ ಗಂಡನ ಊರಿನವರೆಗಿನ ರೈಲು ಟಿಕೆಟ್ಟನ್ನೂ ತಾನೇ ಕೊಟ್ಟಿತು. 1944ರ ಆಗಸ್ಟಿನಲ್ಲಿ ಲಂಡನ್ನಿನಲ್ಲಿ ಇದಕ್ಕಾಗಿಯೇ ‘ಕೆನೇಡಿಯನ್ ವೈವ್ಸ್ ಬ್ಯೂರೊ’ ಎಂಬ ಸೇನಾ ಕಚೇರಿ ತೆರೆಯಿತು. 1945ರ ಫೆಬ್ರವರಿಯ ಆಜ್ಞೆಯೊಂದು, ಗಂಡನಿಗೆ ಕೆನಡಾದಲ್ಲಿ ಯಾವ ಸ್ಥಾನವೋ ಬಂದಿಳಿದ ಹೆಂಡತಿ ಮಕ್ಕಳಿಗೂ ಅದೇ ಸ್ಥಾನ ಎಂದು ಗೊತ್ತುಮಾಡಿತು. ಆ ಕಾಲದ ಸರ್ಕಾರಗಳಲ್ಲಿ ಇಷ್ಟು ಮುಂದಾಲೋಚನೆ ಮಾಡಿದ್ದು ಕೆನಡಾ ಎಂಬುದು ನಮ್ಮ ಅಭಿಪ್ರಾಯ. ಆದರೆ ಕೊಟ್ಟದ್ದು ಹೋಗುವ ಟಿಕೆಟ್ ಮಾತ್ರ. ಸಂಸಾರ ಕೂಡಿಬರದೆ ತವರಿಗೆ ಮರಳಬೇಕಾದವಳು ಹಣವನ್ನು ತಾನೇ ಹೊಂದಿಸಿಕೊಳ್ಳಬೇಕಿತ್ತು.

ಅಮೆರಿಕದ ಕತೆ ತಡವಾಗಿ ಶುರುವಾಯಿತು. ಯುದ್ಧ ಮುಗಿದೊಡನೆ ಹಡಗುಗಳೆಲ್ಲ ಸೈನಿಕರನ್ನು ಮನೆಗೆ ಮುಟ್ಟಿಸುವುದಕ್ಕೆ ಮೀಸಲಾದವು. ಗಂಡ ಅಲ್ಲಿ, ಹೆಂಡತಿ ಇಲ್ಲಿ, ತಿಂಗಳುಗಟ್ಟಲೆ ಸುದ್ದಿಯಿಲ್ಲ. 1945ರ ಅಕ್ಟೋಬರಿನಲ್ಲಿ ನೂರಾರು ಹೆಂಗಸರು ಕೂಸುಗಳನ್ನು ಕಟ್ಟಿಕೊಂಡು ಲಂಡನ್ನಿನ ಅಮೆರಿಕನ್ ರಾಯಭಾರ ಕಚೇರಿಗೆ ಹೋಗಿ, ನಮಗೆ ಹಡಗು ಕೊಡಿ ಎಂದು ಕೂಗಿದರು. ಡಿಸೆಂಬರ್ 28ರಂದು ವಾರ್ ಬ್ರೈಡ್ಸ್ ಕಾಯ್ದೆ ಬಂತು. ಸೈನಿಕರ ಹೆಂಡತಿ ಮಕ್ಕಳಿಗೆ ವಲಸೆಯ ವಾರ್ಷಿಕ ಮಿತಿ ಅನ್ವಯಿಸದು, ವೀಸಾ ಬೇಡ ಎಂದು ಅದು ಹೇಳಿತು. ಅವಧಿ ಮೂರು ವರ್ಷ. 1946ರ ಜನವರಿ 26ರಂದು ‘ಅರ್ಜೆಂಟಿನಾ’ ಹಡಗು ಸೌತಾಂಪ್ಟನ್ ಬಿಟ್ಟಿತು. ಅದರಲ್ಲಿ 452 ಹೆಂಡತಿಯರು, 173 ಮಕ್ಕಳು, ಜೊತೆಗೆ ಅಮೆರಿಕದ ಮಹಿಳಾ ಸೈನಿಕಳನ್ನು ವರಿಸಿದ್ದ ಒಬ್ಬ ಗಂಡಸು. ಚಳಿಗಾಲದ ಅಟ್ಲಾಂಟಿಕ್ಕಿನಲ್ಲಿ ಬಿರುಗಾಳಿಗೆ ಸಿಕ್ಕಿ ಒಂಬತ್ತು ದಿನ ಹೊಯ್ದಾಡಿ, ಫೆಬ್ರವರಿ 4ರಂದು ನ್ಯೂಯಾರ್ಕ್ ಮುಟ್ಟಿತು.

ಹೊರಡುವ ಕ್ರಮ ಹೀಗಿತ್ತು. ಮದುವೆಗೇ ಸೈನಿಕ ತನ್ನ ಕಮಾಂಡಿಂಗ್ ಅಧಿಕಾರಿಯ ಒಪ್ಪಿಗೆ ಪಡೆದು, ಗೊತ್ತಾದಷ್ಟು ದಿನ ಕಾದಿರಬೇಕಿತ್ತು. ಆಮೇಲೆ ಹೆಂಡತಿಯ ಅರ್ಜಿ, ಮದುವೆಯ ಪ್ರಮಾಣಪತ್ರ, ಮಕ್ಕಳ ಜನನಪತ್ರ, ವೈದ್ಯರ ತಪಾಸಣೆ. ಅತ್ತ ಕೆನಡಾದಲ್ಲಿ, ಆಕೆಯನ್ನು ಇಟ್ಟುಕೊಳ್ಳಲು ಮನೆಯಿದೆಯೇ, ಬರಮಾಡಿಕೊಳ್ಳುವವರು ಇದ್ದಾರೆಯೇ ಎಂಬ ವಿಚಾರಣೆ. ಹಡಗು ತಪ್ಪುತ್ತಿದ್ದದ್ದು ಹೆಚ್ಚಾಗಿ ಇಂಥ ಹಂತಗಳಲ್ಲೇ. ಗಂಡನಿಗೆ ಮನೆ ಸಿಕ್ಕಿಲ್ಲವೆಂದರೆ ಕಡತ ನಿಂತಿತು. ಕೂಸಿಗೆ ದಡಾರ ಎದ್ದರೆ ಸರದಿ ಹೋಯಿತು. ತಿಂಗಳು ತುಂಬುತ್ತ ಬಂದ ಬಸುರಿಯನ್ನು ಹಡಗು ಹತ್ತಿಸುತ್ತಿರಲಿಲ್ಲ; ಹೆರಿಗೆಯಾಗಿ, ಎಳೆಗೂಸು ಪ್ರಯಾಣ ತಾಳುವಷ್ಟು ಬಲಿಯುವವರೆಗೆ ಮತ್ತೆ ಕಾಯಬೇಕು. ಯಾವಾಗ ಕರೆ ಬಂದೀತೆಂದು ಯಾರಿಗೂ ತಿಳಿಯದು. ಕೊನೆಗೆ ಬಂದಾಗ ಕೈಯಲ್ಲಿ ಉಳಿಯುತ್ತಿದ್ದದ್ದು ಕೆಲವೇ ದಿನ. ತವರಿನವರಿಂದ ಬೀಳ್ಕೊಳ್ಳುವುದೂ ಗಂಟುಮೂಟೆ ಕಟ್ಟುವುದೂ ಅಷ್ಟರಲ್ಲೇ ಆಗಬೇಕು.

ಆ ಗಂಟುಮೂಟೆಯ ಬಗ್ಗೆ ಒಂದು ಮಾತು. ಪ್ರತಿ ಪೆಟ್ಟಿಗೆಗೂ ಹಡಗಿನ ಚೀಟಿ ಅಂಟಿಸಬೇಕಿತ್ತು. ‘ದಾರಿಯಲ್ಲಿ ಬೇಕು’ ಎಂದಿದ್ದರೆ ಅದು ಮೇಲೆ, ಕೈಗೆ ಸಿಗುವಲ್ಲಿ. ‘ದಾರಿಯಲ್ಲಿ ಬೇಡ’ ಎಂದಿದ್ದರೆ ಹಡಗಿನ ತಳದ ಉಗ್ರಾಣಕ್ಕೆ ಹೋಯಿತೆಂದೇ ಲೆಕ್ಕ, ಇಳಿಯುವವರೆಗೆ ಅದರ ಮುಖ ಕಾಣದು. ಕೂಸಿನ ಹಾಲುಪುಡಿ, ಬಾಟಲಿ, ಬೆಚ್ಚನೆ ಕೋಟು ಎರಡನೆಯ ಚೀಟಿಯ ಟ್ರಂಕಿನಲ್ಲಿ ಸೇರಿಹೋದರೆ ಅಟ್ಲಾಂಟಿಕ್ ದಾಟುವವರೆಗೂ ಪರದಾಟ. ತವರು ಬಿಡುವ ಅವಸರದಲ್ಲಿ ಯಾವುದು ಬೇಕು ಯಾವುದು ಬೇಡ ಎಂದು ವಿಂಗಡಿಸುವುದು ಸುಲಭದ ಕೆಲಸವಲ್ಲ.

ಕೆನಡಾಕ್ಕೆ ಹೋಗುವವರು ಮೊದಲು ಲಂಡನ್ನಿನ ತಂಗುದಾಣ ಸೇರಿ, ಅಲ್ಲಿಂದ ರೈಲಿನಲ್ಲಿ ಲಿವರ್‌ಪೂಲಿಗೋ ಸೌತಾಂಪ್ಟನ್ನಿಗೋ ಹೋಗುತ್ತಿದ್ದರು. ಅಮೆರಿಕಕ್ಕೆ ಹೋಗುವವರ ಠಾಣ್ಯ ವಿಲ್ಟ್‌ಶೈರಿನ ಟಿಡ್‌ವರ್ತ್ ಸೇನಾ ಶಿಬಿರ. ಅಲ್ಲಿನ ವೈದ್ಯಕೀಯ ತಪಾಸಣೆ ಸೈನಿಕರನ್ನು ಪರೀಕ್ಷಿಸುವ ರೀತಿಯಲ್ಲೇ ನಡೆಯಿತು. ಮೈಮೇಲಿನ ಬಟ್ಟೆ ಕಳಚಿ ಸಾಲಿನಲ್ಲಿ ನಿಂತ ಅವಮಾನವನ್ನು ಅನೇಕರು ಮುಪ್ಪಿನವರೆಗೂ ಮರೆಯಲಿಲ್ಲ. ನೆರವಿನ ಹೆಸರಿನಲ್ಲಿ ಇಂಥ ಒರಟುತನ ಬೇಕಿರಲಿಲ್ಲ.

ಇನ್ನು ಹಡಗು. ಇವೆಲ್ಲ ಯುದ್ಧದಲ್ಲಿ ದಂಡು ಸಾಗಿಸಿದ ಹಡಗುಗಳು. ‘ಕ್ವೀನ್ ಮೇರಿ’ 1943ರ ಜುಲೈನಲ್ಲಿ ಒಂದೇ ಸಲಕ್ಕೆ 16,683 ಜನರನ್ನು ತುಂಬಿಕೊಂಡು ಸಾಗರ ದಾಟಿತ್ತು. ಅದೇ ಹಡಗಿನಲ್ಲಿ ಈಗ ತಾಯಿ ಮಕ್ಕಳನ್ನು ಕರೆದೊಯ್ಯಬೇಕೆಂದರೆ ಒಂದರ ಮೇಲೊಂದು ಹೊಡೆದ ಬಂಕುಗಳನ್ನು ಕಿತ್ತು, ತೊಟ್ಟಿಲುಗಳನ್ನು ಕೂರಿಸಿ, ಕೂಸಿನ ಬಟ್ಟೆ ಒಗೆಯುವ, ಒಣಗಿಸುವ ಜಾಗ ಮಾಡಬೇಕಾಯಿತು. ಒಂದು ಸಲಕ್ಕೆ ಹತ್ತುವವರ ಸಂಖ್ಯೆ ಎರಡು ಸಾವಿರದ ಆಸುಪಾಸಿಗೆ ಇಳಿಯಿತು. ಕೆನಡಾದ ಹಡಗುಗಳಲ್ಲಿ ರೆಡ್ ಕ್ರಾಸಿನ ಹೆಣ್ಣುಮಕ್ಕಳು ಜೊತೆಗಿದ್ದು ಬಾಟಲಿ ಕುದಿಸುವುದು, ವಾಂತಿಯಿಂದ ಸುಸ್ತಾದ ತಾಯಿಯ ಕೂಸನ್ನು ಎತ್ತಿಕೊಳ್ಳುವುದು ಮಾಡಿದರು. ನಾವು ಓದಿದ ಮಟ್ಟಿಗೆ ಈ ಇಡೀ ಏರ್ಪಾಡಿನಲ್ಲಿ ಅತಿ ಹೆಚ್ಚು ಉಪಕಾರವಾದದ್ದು ಅವರಿಂದ.

ಕೂಸಿನ ಬಟ್ಟೆಯದೇ ದೊಡ್ಡ ಪಾಡು. ಹಡಗಿನಲ್ಲಿ ಸಿಹಿನೀರಿಗೆ ಅಳತೆ. ಸಮುದ್ರದ ನೀರಿನಲ್ಲಿ ಮಾಮೂಲಿ ಸೋಪು ನೊರೆ ಬಿಡದು. ಅದರಲ್ಲಿರುವ ಕ್ಯಾಲ್ಸಿಯಂ, ಮೆಗ್ನೀಸಿಯಂ ಸೋಪಿನ ಜೊತೆ ಸೇರಿ ಬಿಳಿಯ ಗಸಿಯಾಗಿ ಬಟ್ಟೆಗೆ ಹತ್ತಿಕೊಳ್ಳುತ್ತದೆ. ಒಣಗಿದ ಮೇಲೆ ಬಟ್ಟೆ ಉಪ್ಪಿನಿಂದ ಹಪ್ಪಳದಂತೆ ಬಿರುಸಾಗಿ, ಕೂಸಿನ ತೊಡೆಸಂದಿ ಕೆಂಪಾಗಿ ಕಿತ್ತುಬರುತ್ತದೆ. ಅದಕ್ಕಿಂತ ಭಯ ಭೇದಿಯದು. ಒಂದೇ ಕೋಣೆಯಲ್ಲಿ ಹತ್ತಾರು ಎಳೆಗೂಸು, ಹಾಲುಪುಡಿ ಕಲಸುವ ಕೈ ಹಲವು. ಒಂದು ಬಾಟಲಿ ಸರಿಯಾಗಿ ಕುದಿಯದಿದ್ದರೆ ರೋಗ ಕೋಣೆಗೆಲ್ಲ ಹಬ್ಬಿತು. 1946ರ ಮೇ ತಿಂಗಳಲ್ಲಿ ಫ್ರಾನ್ಸಿನಿಂದ ನ್ಯೂಯಾರ್ಕಿಗೆ ಬಂದ ಅಮೆರಿಕದ ಸೇನಾ ಹಡಗೊಂದರಲ್ಲಿ ಹೀಗೆ ಕಾಯಿಲೆ ಹಬ್ಬಿ ಹಲವು ಕೂಸುಗಳು ತೀರಿಕೊಂಡವು. 

ಊಟದ ಸಂಗತಿ ವಿಚಿತ್ರ. ವರ್ಷಗಟ್ಟಲೆ ರೇಷನ್ನಿನ ಸಕ್ಕರೆ, ಬೆಣ್ಣೆ, ಮಾಂಸ ಎಣಿಸಿ ತಿಂದವರು ಇವರು. ಬ್ರಿಟನ್ನಿನಲ್ಲಿ 1942ರಿಂದ ಸಿಗುತ್ತಿದ್ದದ್ದು ಬೂದುಬಣ್ಣದ ಸರ್ಕಾರಿ ಬ್ರೆಡ್ಡು. ಹಡಗಿನ ಮೇಜಿನ ಮೇಲೆ ಅಚ್ಚ ಬಿಳಿಯ ಬ್ರೆಡ್ಡು, ಬೇಕಾದಷ್ಟು ಬೆಣ್ಣೆ, ಹಣ್ಣು. ಆಸೆಯಿಂದ ತಿಂದರು, ಒಗ್ಗದ ಹೊಟ್ಟೆ ಕೆಟ್ಟಿತು, ಮೇಲೆ ಸಮುದ್ರದ ಹೊಯ್ದಾಟ. ಮೊದಲ ದಿನ ತುಂಬಿದ ಊಟದ ಕೋಣೆ ಮೂರನೆಯ ದಿನಕ್ಕೆ ಖಾಲಿ.

1946ರ ಫೆಬ್ರವರಿ 10ರಂದು ‘ಮಾರಿಟೇನಿಯಾ’ ಹಡಗು 943 ಮಂದಿ ತಾಯಿ ಮಕ್ಕಳನ್ನು ಹೊತ್ತು ಕೆನಡಾದ ಹ್ಯಾಲಿಫ್ಯಾಕ್ಸ್ ಬಂದರಿನ ‘ಪಿಯರ್ 21’ಕ್ಕೆ ಬಂತು. ಸರ್ಕಾರದ ದೊಡ್ಡ ಸಾಗಣೆ ಅಲ್ಲಿಂದ ಶುರು. ಆ ಕಟ್ಟಡ ಈಗ ಕೆನಡಾದ ವಲಸೆ ಮ್ಯೂಸಿಯಂ. ವಲಸೆ ಅಧಿಕಾರಿಗಳ ಹಜಾರ, ಸುಂಕದ ಕಟ್ಟೆ, ಕೂಸುಗಳನ್ನು ನೋಡಿಕೊಳ್ಳುವ ಕೋಣೆ, ಎಲ್ಲ ಒಂದೇ ಕಡೆ. ಮುಗಿಸಿ ಹೊರಬಿದ್ದರೆ ಪಕ್ಕದಲ್ಲೇ ವಿಶೇಷ ರೈಲು. ಗಂಡಂದಿರು ಬಂದರಿಗೆ ನುಗ್ಗದೆ ತಮ್ಮ ತಮ್ಮ ಊರಿನ ಸ್ಟೇಷನ್ನಿನಲ್ಲೇ ಕಾಯಬೇಕೆಂಬುದು ಏರ್ಪಾಡು.

ಕೆನಡಾದ ಅಗಲ ಬ್ರಿಟನ್ನಿನ ಹುಡುಗಿಯರ ಕಲ್ಪನೆಗೆ ಮೀರಿದ್ದು. ಹ್ಯಾಲಿಫ್ಯಾಕ್ಸಿನಿಂದ ವ್ಯಾಂಕೂವರಿಗೆ ಸುಮಾರು 6,000 ಕಿಲೊಮೀಟರು, ರೈಲಿನಲ್ಲಿ ಐದು ದಿನದ ಹಾದಿ. ಸಾಗರ ದಾಟಲು ಹಿಡಿದಷ್ಟೇ ಹೊತ್ತು ನೆಲದ ಮೇಲೂ ಹಿಡಿಯಿತು. ರೈಲು ಹಿಮದ ಬಯಲಿನ ನಡುವೆ ನಿಲ್ಲುವುದು, ಮರದ ಒಂದು ಪುಟ್ಟ ಸ್ಟೇಷನ್ನು, ದೀಪದ ಕೆಳಗೆ ಇಬ್ಬರು ಮೂವರು, ಒಬ್ಬಳು ಕೂಸನ್ನೆತ್ತಿಕೊಂಡು ಇಳಿಯುವುದು. ಸಮವಸ್ತ್ರದಲ್ಲಷ್ಟೇ ಕಂಡಿದ್ದ ಗಂಡ ಈಗ ಮಾಮೂಲಿ ಕೋಟಿನಲ್ಲಿ. ಗುರುತು ಹತ್ತಲು ಒಂದು ಗಳಿಗೆ ಬೇಕು. ಉಳಿದವರು ಕಿಟಕಿಗೆ ಮುಖವಿಟ್ಟು ನೋಡುತ್ತ, ತಮ್ಮ ಊರು ಇದಕ್ಕಿಂತ ವಾಸಿಯಿದ್ದೀತೇ ಎಂದು ಎದೆ ಬಡಿದುಕೊಳ್ಳುತ್ತಿದ್ದರು.

ಕೆಲವರಿಗೆ ಮೋಸವೂ ಆಯಿತು. ಕಾಗದದಲ್ಲಿ ದೊಡ್ಡ ಹೊಲಮನೆ ಎಂದದ್ದು ಹೋಗಿ ನೋಡಿದರೆ ನಲ್ಲಿಯಿಲ್ಲದ, ವಿದ್ಯುತ್ತಿಲ್ಲದ ಎರಡು ಕೋಣೆ, ಪಾಯಿಖಾನೆ ಹಿಮದಲ್ಲಿ ಐವತ್ತು ಹೆಜ್ಜೆ ಆಚೆ. ಕೆಲವು ಗಂಡಂದಿರಿಗೆ ಮೊದಲೇ ಮದುವೆಯಾಗಿತ್ತು. ಮನಸ್ಸು ಬದಲಿಸಿ ಬರಬೇಡವೆಂದು ತಂತಿ ಕೊಟ್ಟವರಿದ್ದರು. ಆದರೂ ಹೆಚ್ಚಿನವರು ಅಲ್ಲೇ ಬೇರು ಬಿಟ್ಟರು. ಹೊಂದಿಕೆ ಅಡುಗೆಮನೆಯಿಂದಲೇ ಶುರುವಾಗಬೇಕಿತ್ತು: ತವರಿನಲ್ಲಿ ಹಿಟ್ಟು, ಸಕ್ಕರೆ ತಕ್ಕಡಿಯಲ್ಲಿ ತೂಗಿ ಅಭ್ಯಾಸ, ಇಲ್ಲಿ ಎಲ್ಲದಕ್ಕೂ ಕಪ್ಪಿನ ಅಳತೆ, ಆ ಕಪ್ಪಿಗೆ 8 ಔನ್ಸು, ತವರಿನ ಅರ್ಧ ಪೈಂಟಿಗೆ 10. ಹಳೆಯ ಲೆಕ್ಕದಲ್ಲಿ ಮಾಡಿದ ಕೇಕು ಸರಿಯಾಗಿ ಬರುತ್ತಿರಲಿಲ್ಲ. ಹೊರಡುವ ಮುಂಚೆಯೇ ಇಂಥವನ್ನು ಕಲಿಸಲು ಬ್ಯೂರೊ ಬ್ರಿಟನ್ನಿನ ಊರೂರುಗಳಲ್ಲಿ ಕ್ಲಬ್ಬುಗಳನ್ನು ನಡೆಸಿತ್ತು.

ಈಗ ನಿಮ್ಮ ತಾಯಿಯವರ ಮಾತಿಗೆ ಬರುತ್ತೇವೆ. ಅದು ನಂಬತಕ್ಕ ಮಾತು. ಬೆಂಗಳೂರಿನ ಸಿವಿಲ್ ಅಂಡ್ ಮಿಲಿಟರಿ ಸ್ಟೇಷನ್ 1947ರವರೆಗೆ ಬ್ರಿಟಿಷರ ನೇರ ಆಡಳಿತದಲ್ಲಿತ್ತು. ಯುದ್ಧಕಾಲದಲ್ಲಿ ಬ್ರಿಟಿಷ್ ಪಡೆಗಳಲ್ಲದೆ, ಹಿಂದೂಸ್ತಾನ್ ಏರ್‌ಕ್ರಾಫ್ಟ್ ಕಾರ್ಖಾನೆಯಲ್ಲಿ ವಿಮಾನ ದುರಸ್ತಿಗೆಂದು ಅಮೆರಿಕನ್ನರೂ ಇದ್ದರು. ಆಂಗ್ಲೋ ಇಂಡಿಯನ್ ಮನೆಗಳ ಹೆಣ್ಣುಮಕ್ಕಳು ಬ್ರಿಟಿಷ್ ಸೈನಿಕರನ್ನು ಮದುವೆಯಾಗಿ ಮುಂಬಯಿಯಿಂದ ಹಡಗು ಹತ್ತಿದರು. ಬ್ರಿಟಿಷ್ ಪ್ರಜೆಗಳಾಗಿದ್ದ ಅವರಿಗೆ ಇಂಗ್ಲೆಂಡಿನ ಬಾಗಿಲು ಮುಚ್ಚಿರಲಿಲ್ಲ. ಅಮೆರಿಕನ್ನನನ್ನು ಮದುವೆಯಾದ ಭಾರತೀಯಳ ಪಾಡು ಬೇರೆ. 1945ರ ಕಾಯ್ದೆ ಮಿತಿಯನ್ನು ಸಡಿಲಿಸಿತೇ ಹೊರತು ಜನಾಂಗದ ಅಡ್ಡಿಯನ್ನು ತೆಗೆಯಲಿಲ್ಲ. 1917ರ ವಲಸೆ ಕಾನೂನು ಭಾರತವನ್ನು ನಿಷಿದ್ಧ ವಲಯದಲ್ಲಿ ಇಟ್ಟಿತ್ತು. 1946ರ ಜುಲೈ 2ರ ಕಾನೂನು ಭಾರತೀಯರಿಗೆ ಪೌರತ್ವದ ಹಕ್ಕನ್ನೂ ವರ್ಷಕ್ಕೆ 100 ಜನರ ಕೋಟಾವನ್ನೂ ಕೊಟ್ಟಿತು. ಸೈನಿಕರ ಹೆಂಡತಿಯರಿಗಿದ್ದ ಜನಾಂಗದ ಅಡ್ಡಿ ಹೋದದ್ದು 1947ರ ಜುಲೈ 22ರ ತಿದ್ದುಪಡಿಯಿಂದ, ಅದೂ ಅದಕ್ಕೆ ಮುಂಚೆ, ಇಲ್ಲವೇ ಅಲ್ಲಿಂದ 30 ದಿನದೊಳಗೆ ಮದುವೆಯಾದವರಿಗೆ ಮಾತ್ರ. ಬ್ರಿಟನ್ನಿನ ಹುಡುಗಿಗೆ ಹಡಗು ಕಳಿಸಿದ ಸರ್ಕಾರವೇ, ಮೈಬಣ್ಣ ನೋಡಿ ಇನ್ನೊಬ್ಬಳನ್ನು ಹೊಸ್ತಿಲಲ್ಲಿ ನಿಲ್ಲಿಸಿತು. ಫೋಟೊಗಳಲ್ಲಿ ನಮ್ಮವರು ಕಾಣದಿರಲು ಇದೂ ಒಂದು ಕಾರಣ.

ಗುರುತು ಹಿಡಿಯಲು ಮದುವೆಯಿಂದ ಶುರುಮಾಡಿ. ಲಂಡನ್ನಿನ ಬ್ರಿಟಿಷ್ ಲೈಬ್ರರಿಯ ಇಂಡಿಯಾ ಆಫೀಸ್ ದಾಖಲೆಗಳಲ್ಲಿ ಭಾರತದ ಚರ್ಚುಗಳ ದೀಕ್ಷಾಸ್ನಾನ, ಮದುವೆ, ಅಂತ್ಯಕ್ರಿಯೆಗಳ ಪ್ರತಿಗಳಿವೆ. ಬಂಗಾಳದ್ದು ಎನ್/1 ಎಂಬ ಸಾಲು, ಮದ್ರಾಸಿನದು ಎನ್/2, ಮುಂಬಯಿಯದು ಎನ್/3. ಬೆಂಗಳೂರು ದಂಡಿನ ಚರ್ಚುಗಳನ್ನು ಮದ್ರಾಸಿನ ಸಾಲಿನಲ್ಲಿ ನೋಡಬೇಕು. ಮೈಸೂರು ಎಂದು ಹುಡುಕಿ ಕೈಚೆಲ್ಲಬೇಡಿ. ಮುಂದಿನದು ಹಡಗಿನ ಪಟ್ಟಿ. ಭಾರತದಿಂದ ಬ್ರಿಟನ್ನಿಗೆ ಬಂದವರದು ಕ್ಯೂ ಊರಿನ ನ್ಯಾಷನಲ್ ಆರ್ಕೈವ್ಸ್‌ನ (ಬ್ರಿಟನ್ನಿನ ರಾಷ್ಟ್ರೀಯ ಪತ್ರಾಗಾರ) ಬಿಟಿ 26 ಎಂಬ ಸಾಲು, ಬ್ರಿಟನ್ನಿನಿಂದ ಹೊರಟವರದು ಬಿಟಿ 27. ಎರಡೂ 1960ರವರೆಗೆ ಇವೆ. ನ್ಯೂಯಾರ್ಕಿಗೆ ಇಳಿದವರ ಪಟ್ಟಿ 1957ರವರೆಗೆ ಅಮೆರಿಕದ ರಾಷ್ಟ್ರೀಯ ಪತ್ರಾಗಾರದಲ್ಲಿದೆ. ಕೆನಡಾದಲ್ಲಿ 1935ರ ನಂತರದವು ವಲಸೆ ಇಲಾಖೆಯ ಕೈಯಲ್ಲಿರುವುದರಿಂದ ಅರ್ಜಿ ಹಾಕಿ ಕೇಳಬೇಕಾಗುತ್ತದೆ. ಹುಡುಕುವ ಮುಂಚೆ ಆಕೆಯ ಎರಡು ಹೆಸರನ್ನೂ ಬರೆದಿಟ್ಟುಕೊಳ್ಳಿ: ಚರ್ಚಿನ ಪುಸ್ತಕದಲ್ಲಿ ತವರಿನ ಹೆಸರು ಸಿಗುತ್ತದೆ, ಹಡಗಿನ ಪಟ್ಟಿಯಲ್ಲಿ ಗಂಡನದು.